ಮೂಕಚಿತ್ರದ ದರ್ಬಾರು: ಕಂಡದ್ದೆಲ್ಲ ಇತಿಹಾಸವಲ್ಲ

ಕೆಲವು ವರ್ಷಗಳಿಂದೀಚೆಗೆ ಒಂದು ಹಳೆಯ ಚಿತ್ರವು ನಮ್ಮ ಜನರ ಕೈಯಿಂದ ಕೈಗೆ ತಿರುಗುತ್ತಲಿದೆ. 1911ನೆಯ ಇಸವಿಯ ಡಿಸೆಂಬರ ತಿಂಗಳಲ್ಲಿ ದಿಲ್ಲಿಯಲ್ಲಿ ಜರುಗಿದ ಪಟ್ಟಾಭಿಷೇಕ ದರ್ಬಾರಿನ ಚಲಚ್ಚಿತ್ರವದು. ಅಂಗೈಯಗಲದ ಮೊಬೈಲಿನ ಮೇಲೆ ಬೆರಳು ಸೋಕಿಸಿದರೆ ಸಾಕು. ಕುದುರೆಯ ದಂಡು ಸಾಗುತ್ತದೆ, ಮಂಟಪದಲ್ಲಿ ಚಕ್ರವರ್ತಿ-ಚಕ್ರವರ್ತಿನಿಯರು ವಿರಾಜಿಸುತ್ತಾರೆ, ರತ್ನಾಭರಣಗಳನ್ನು ತೊಟ್ಟ ಸಂಸ್ಥಾನಿಕರು ಒಬ್ಬೊಬ್ಬರಾಗಿ ಬಂದು ಬಾಗಿ ಸರಿದು ಹೋಗುತ್ತಾರೆ. ಇದನ್ನು ನೋಡಿದ ನಮ್ಮ ಸುಶಿಕ್ಷಿತರಲ್ಲಿ ಎಷ್ಟೋ ಜನರು “ಆಹಾ, ಎಂಥ ವೈಭವ! ಎಂಥ ಶಿಸ್ತು!” ಎಂದು ಉದ್ಗಾರ ತೆಗೆಯುತ್ತಾರೆ. ಇನ್ನು ಕೆಲವರು ಅದನ್ನೇ ಇತಿಹಾಸದ ಪಾಠವೆಂದು ಬಗೆದು ಮಕ್ಕಳಿಗೂ ತೋರಿಸುತ್ತಾರೆ. ಅವರನ್ನು ನಾವು ಜರಿಯುವದಿಲ್ಲ. ನೂರು ವರ್ಷಕ್ಕೂ ಹಿಂದಿನ ಮನುಷ್ಯರು ಕಣ್ಣೆದುರಿಗೆ ನಡೆದಾಡಿದರೆ ಯಾರ ಮನಸ್ಸು ತಾನೆ ಸೋಲದು? ಆದರೆ ಬೆರಗಾಗುವದು ಬೇರೆ, ಮರುಳಾಗುವದು ಬೇರೆ. ಈ ಎರಡರ ನಡುವಿನ ಅಂತರವನ್ನು ನಮ್ಮ ವಾಚಕರೆದುರು ಬಿಚ್ಚಿಡುವದೇ ಈ ಲೇಖನದ ಉದ್ದೇಶವು.

“ಕೆಮರಾ ಸುಳ್ಳು ಹೇಳುವದಿಲ್ಲ, ಇದ್ದದ್ದನ್ನು ಇದ್ದಂತೆ ತೋರಿಸುತ್ತದೆ” ಎಂಬ ಮಾತನ್ನು ಈ ಚಿತ್ರಗಳ ಅಭಿಮಾನಿಗಳು ಪದೇ ಪದೇ ಆಡುತ್ತಾರೆ. ನಮ್ಮ ಹಿರಿಯರು ಕೆಮರಾ ಕಂಡವರಲ್ಲ; ಆದರೂ “ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು” ಎಂದು ಹೇಳಿಟ್ಟು ಹೋದರು. ಆ ಗಾದೆಯ ಒರೆಗಲ್ಲಿಗೆ ಒಂದು ಸಣ್ಣ ಚಿತ್ರವನ್ನು ತಿಕ್ಕಿ ನೋಡೋಣ. ಹಿಂದುಸ್ಥಾನದಲ್ಲಿ ತೆಗೆದ ಅತ್ಯಂತ ಹಳೆಯ ಚಲಚ್ಚಿತ್ರಗಳಲ್ಲಿ 1899ರ ತುಣುಕೊಂದು ಬ್ರಿಟನ್ನಿನಲ್ಲಿ ಇಂದಿಗೂ ಉಳಿದಿದೆ. ದೋಣಿಯಿಂದ ತೆಗೆದ ನದೀತೀರದ ನೋಟವದು. ಗಂಗಾನದಿಯಿಂದ ಕಾಣುವ ಕಲಕತ್ತಾ ನಗರವೆಂಬ ಹೆಸರಿಟ್ಟು ಅದನ್ನು ಮಾರಿದರು. ಆದರೆ ಅದರಲ್ಲಿ ಕಾಣುವವು ಕಾಶಿಯ ಘಟ್ಟಗಳು! ನಮ್ಮ ಹಳ್ಳಿಯ ಯಾವ ಮುದುಕಿಯನ್ನು ಕೇಳಿದ್ದರೂ “ಅಪ್ಪಾ, ಇದು ಕಾಶಿ” ಎಂದು ಹೇಳುತ್ತಿದ್ದಳು. ಚಿತ್ರ ನಿಜ, ನೀರು ನಿಜ, ಮೆಟ್ಟಿಲು ನಿಜ. ತಲೆಬರಹ ಮಾತ್ರ ಸುಳ್ಳು. ಮೂಕಚಿತ್ರಕ್ಕೆ ಬಾಯಿಲ್ಲ. ಅದಕ್ಕೆ ಬಾಯಿ ಕೊಡುವವನು ತಲೆಬರಹ ಬರೆಯುವವನು. ಆ ಬರೆಯುವವನು ಯಾರೆಂದು ಕೇಳದೆ ಚಿತ್ರವನ್ನು ನಂಬುವದೆಂದರೆ, ಸಾಕ್ಷಿಯ ಹೆಸರನ್ನೇ ವಿಚಾರಿಸದೆ ತೀರ್ಪು ಬರೆದಂತೆ.

ಚಲಚ್ಚಿತ್ರದ ಯಂತ್ರವೂ ಸಾಮ್ರಾಜ್ಯದ ಮೆರವಣಿಗೆಯೂ ಹೆಚ್ಚು ಕಡಿಮೆ ಒಟ್ಟಿಗೇ ಬೆಳೆದವು. 1896ರ ಜುಲೈ 7ರಂದು ಮುಂಬಯಿಯ ವಾಟ್ಸನ್ ಹೊಟೆಲಿನಲ್ಲಿ ಈ ದೇಶದ ಮೊದಲ ಸಿನೇಮಾ ಪ್ರದರ್ಶನವಾಯಿತು. ಅದಾಗಿ ವರ್ಷ ತುಂಬುವದರೊಳಗೆ, 1897ರ ಜೂನ್ 22ರಂದು, ವಿಕ್ಟೋರಿಯಾ ರಾಣಿಯ ಆಳಿಕೆಯ ವಜ್ರಮಹೋತ್ಸವವು ಲಂಡನ್ನಿನಲ್ಲಿ ನಡೆಯಿತು. ಆ ಮೆರವಣಿಗೆಯ ದಾರಿಯುದ್ದಕ್ಕೂ ಚಿತ್ರಗಾರರು ತಮ್ಮ ಯಂತ್ರಗಳನ್ನು ಹೂಡಿಕೊಂಡು ನಿಂತಿದ್ದರು. ವಸಾಹತುಗಳ ದಂಡುಗಳೊಡನೆ ಹಿಂದುಸ್ಥಾನದ ಸವಾರರೂ ಆ ಚಿತ್ರಗಳಲ್ಲಿ ಸಾಗಿದರು. ಅದೇ ದಿನದ ರಾತ್ರಿ ಪುಣೆಯಲ್ಲಿ ಏನಾಯಿತು? ಪ್ಲೇಗಿನ ನಿವಾರಣೆಯ ಹೆಸರಿನಲ್ಲಿ ಮನೆಮನೆಗಳಿಗೆ ಸೋಲ್ಜರರನ್ನು ನುಗ್ಗಿಸಿದ ರ‍್ಯಾಂಡ್ ಎಂಬ ಅಧಿಕಾರಿಯು ಅದೇ ವಜ್ರಮಹೋತ್ಸವದ ಸಮಾರಂಭವನ್ನು ಮುಗಿಸಿಕೊಂಡು ಮರಳುವಾಗ ಚಾಪೇಕರ ಬಂಧುಗಳ ಗುಂಡಿಗೆ ಗುರಿಯಾದನು. ಆ ಕೃತ್ಯವನ್ನು ನಾವು ಇಲ್ಲಿ ಹೊಗಳುವದೂ ಇಲ್ಲ, ತೆಗಳುವದೂ ಇಲ್ಲ. ನಾವು ಹೇಳುವದಿಷ್ಟೆ: ಒಂದೇ ದಿನ, ಒಂದೇ ಸಮಾರಂಭ, ಅದರ ಒಂದು ಮುಖವು ಫಿಲ್ಮಿನ ಮೇಲೆ ಉಳಿಯಿತು, ಇನ್ನೊಂದು ಮುಖವು ಕೋರ್ಟಿನ ಕಾಗದಗಳಲ್ಲಿ ಉಳಿಯಿತು. ಮೊದಲನೆಯದನ್ನು ಮಾತ್ರ ನೋಡಿದವನು 1897ನೆಯ ವರ್ಷವನ್ನು ಅರ್ಧ ಸಹ ತಿಳಿದವನಲ್ಲ.

ದಿಲ್ಲಿಯ ದರ್ಬಾರಿನ ಸಂಪ್ರದಾಯವು ಇನ್ನೂ ಹಿಂದಿನದು. 1877ರ ಜನವರಿ 1ರಂದು ಲಿಟನ್ ಪ್ರಭುವು ವಿಕ್ಟೋರಿಯಾ ರಾಣಿಯನ್ನು ಹಿಂದುಸ್ಥಾನದ ಚಕ್ರವರ್ತಿನಿಯೆಂದು ಸಾರಲು ಮೊದಲನೆಯ ದರ್ಬಾರನ್ನು ನೆರೆಯಿಸಿದನು. ಆ ಹೊತ್ತಿಗೆ ದಕ್ಷಿಣದಲ್ಲಿ ಏನು ನಡೆದಿತ್ತೆಂಬದನ್ನು ಕನ್ನಡಿಗರಿಗೆ ಬೇರೆ ಯಾರೂ ಹೇಳಬೇಕಾಗಿಲ್ಲ. ಬಳ್ಳಾರಿ, ಧಾರವಾಡ, ವಿಜಾಪುರದ ಸೀಮೆ, ಮೈಸೂರು ಇವೆಲ್ಲ ಬರಗಾಲದ ಬಾಯಿಗೆ ಬಿದ್ದಿದ್ದವು. 1871ರ ಖಾನೇಸುಮಾರಿಯಲ್ಲಿ 50 ಲಕ್ಷಕ್ಕೆ ಮೀರಿದ್ದ ಮೈಸೂರಿನ ಜನಸಂಖ್ಯೆಯು 1881ರಲ್ಲಿ 42 ಲಕ್ಷದಷ್ಟಕ್ಕೆ ಇಳಿಯಿತು. ದಿಲ್ಲಿಯಲ್ಲಿ ಔತಣ, ಇಲ್ಲಿ ಗಂಜಿಯ ಕೇಂದ್ರ. ಆಗ ಚಲಚ್ಚಿತ್ರವಿರಲಿಲ್ಲ, ನಿಜ. ಆದರೆ ಸ್ಥಿರಚಿತ್ರವಿತ್ತು. ಹೂಪರ್ ಎಂಬ ಸೈನ್ಯಾಧಿಕಾರಿಯೊಬ್ಬನು ಮದರಾಸ ಇಲಾಖೆಯ ಕ್ಷಾಮಪೀಡಿತರನ್ನು, ಎಲುಬಿನ ಹಂದರದಂತಾದ ತಾಯಿ ಮಕ್ಕಳನ್ನು, ಸಾಲಾಗಿ ಕೂರಿಸಿ ಚಿತ್ರ ತೆಗೆದನು. ಆ ಚಿತ್ರಗಳು ಇಂದಿಗೂ ಇವೆ. ದರ್ಬಾರಿನ ಚಿತ್ರವನ್ನು ಕಂಡು ಹಿಗ್ಗುವವರು ಇದನ್ನೂ ಒಮ್ಮೆ ಪಕ್ಕಕ್ಕಿಟ್ಟು ನೋಡಲಿ. ಎರಡೂ ಒಂದೇ ಆಳಿಕೆಯ ಚಿತ್ರಗಳು.

1903ರ ಜನವರಿ 1ರಂದು ಕರ್ಜನ್ ಪ್ರಭುವು ಎರಡನೆಯ ದರ್ಬಾರನ್ನು ಮಾಡಿದನು. ಏಳನೆಯ ಎಡ್ವರ್ಡನು ತಾನು ಬರಲಿಲ್ಲ, ತಮ್ಮನನ್ನು ಕಳಿಸಿದನು. ಆನೆಗಳ ಆ ಮೆರವಣಿಗೆಗೆ ಚಲಚ್ಚಿತ್ರದ ಯಂತ್ರಗಳೂ ಬಂದವು. ಮೊಗಲರ ದರ್ಬಾರಿನ ಹೊರಗಿನ ತೊಗಲನ್ನು ಕಳಚಿ ತಾವು ತೊಟ್ಟುಕೊಂಡು, “ಪೂರ್ವದೇಶದ ಜನರಿಗೆ ಆಡಂಬರವೇ ಪ್ರಿಯವು, ಅವರಿಗಾಗಿ ನಾವು ಇದನ್ನು ಮಾಡಬೇಕಾಯಿತು” ಎಂದು ಆಳುವವರು ವಾದಿಸಿದರು. ಈ ವಾದವನ್ನು ಇಂದಿಗೂ ಕೆಲವರು ಒಪ್ಪುತ್ತಾರೆ. ಆದರೆ ಆಡಂಬರವು ಯಾರಿಗೆ ಪ್ರಿಯವಾಗಿತ್ತೆಂಬದಕ್ಕೆ 1911ರ ಚಿತ್ರಗಳ ಕಥೆಯೇ ಸಾಕ್ಷಿ. ಅದನ್ನು ಕ್ರಮವಾಗಿ ನೋಡೋಣ.

1911ರ ಡಿಸೆಂಬರ 7ರಂದು ಐದನೆಯ ಜಾರ್ಜನು ದಿಲ್ಲಿಯನ್ನು ಪ್ರವೇಶಿಸಿದನು. ಆನೆಯ ಮೇಲಲ್ಲ, ಕುದುರೆಯ ಮೇಲೆ. ಕಿರೀಟವಿಲ್ಲ, ಸೇನಾಧಿಕಾರಿಯ ಉಡುಪು. ದಾರಿಯಲ್ಲಿ ನೆರೆದ ಎಷ್ಟೋ ಜನರು ಇವನೇ ಚಕ್ರವರ್ತಿಯೆಂದು ಗುರುತಿಸಲೇ ಇಲ್ಲ. ಡಿಸೆಂಬರ 12ರಂದು ದರ್ಬಾರು ನಡೆಯಿತು. ಇಂಗ್ಲಂಡದ ಪಟ್ಟಾಭಿಷೇಕದ ಕಿರೀಟವನ್ನು ದೇಶದ ಹೊರಗೆ ಒಯ್ಯುವಂತಿಲ್ಲವೆಂಬ ಕಟ್ಟಳೆಯಿದ್ದುದರಿಂದ ಈ ಒಂದು ಸಮಾರಂಭಕ್ಕಾಗಿ ಹೊಸ ಕಿರೀಟವನ್ನೇ ಮಾಡಿಸಿದರು. ಆರು ಸಾವಿರಕ್ಕೂ ಹೆಚ್ಚು ವಜ್ರಗಳು, ಅವುಗಳ ಜೊತೆಗೆ ಪಚ್ಚೆ, ನೀಲ, ಮಾಣಿಕ್ಯಗಳು. ಬೆಲೆ 60,000 ಪೌಂಡು. ತೆತ್ತವರು ಯಾರು? ಹಿಂದುಸ್ಥಾನದ ಬೊಕ್ಕಸ. ಯಾರದೋ ದುಡ್ಡು, ಯಲ್ಲಮ್ಮನ ಜಾತ್ರೆ! ಜಾತ್ರೆ ಮುಗಿದ ಮೇಲೆ ಆ ಕಿರೀಟವು ಹಿಂದುಸ್ಥಾನದಲ್ಲಿ ಉಳಿಯಿತೆ? ಅದೂ ಇಲ್ಲ. ಅದು ಇರುವದು ಲಂಡನ್ನಿನ ಗೋಪುರದಲ್ಲಿ. ಅದರ ಭಾರದಿಂದ ತಲೆ ನೊಂದಿತೆಂದು ಜಾರ್ಜನು ತನ್ನ ದಿನಚರಿಯಲ್ಲಿ ಬರೆದುಕೊಂಡನು. ಒಂದು ಹೊತ್ತು ಹೊತ್ತವನಿಗೆ ತಲೆ ನೊಂದಿತು. ಅದಕ್ಕೆ ಹಣ ತೆತ್ತ ರಯತನ ಬೆನ್ನು ನೊಂದದ್ದನ್ನು ಬರೆದುಕೊಳ್ಳುವವರು ಯಾರೂ ಇರಲಿಲ್ಲ.

ಈ ದರ್ಬಾರಿನ ಚಿತ್ರ ತೆಗೆಯಲು ಹಲವು ಕಂಪನಿಗಳು ಬಂದವು. ಅವುಗಳ ಕಪ್ಪು-ಬಿಳುಪು ಚಿತ್ರಗಳು ಹಡಗನ್ನೇರಿ ಕೆಲವೇ ವಾರಗಳಲ್ಲಿ ಲಂಡನ್ನಿನ ಥೇಟರುಗಳನ್ನು ಮುಟ್ಟಿದವು. ಚಾರ್ಲ್ಸ್ ಅರ್ಬನ್ ಎಂಬವನು ಮಾತ್ರ ಕಿನೆಮಾಕಲರ್ ಎಂಬ ಪದ್ಧತಿಯಿಂದ ಬಣ್ಣದ ಚಿತ್ರ ತೆಗೆದನು. 1912ರ ಫೆಬ್ರುವರಿ 2ರಂದು ಲಂಡನ್ನಿನ ಸ್ಕಾಲಾ ನಾಟಕಗೃಹದಲ್ಲಿ ಅದರ ಪ್ರದರ್ಶನವು ಪ್ರಾರಂಭವಾಯಿತು. ಎರಡೂವರೆ ತಾಸಿನ ಆಟ. ರಂಗದ ಮೇಲೆ ತಾಜಮಹಲಿನ ಪ್ರತಿಕೃತಿ. ಚಿತ್ರಕ್ಕೆ ಜೊತೆಯಾಗಿ ವಾದ್ಯಮೇಳ, ಹಾಡುವವರ ತಂಡ, ತಮ್ಮಟೆ, ಕೊಳಲು. ಮೇ ತಿಂಗಳಲ್ಲಿ ರಾಜ-ರಾಣಿಯರೇ ಬಂದು ತಮ್ಮ ದರ್ಬಾರನ್ನು ತಾವು ನೋಡಿ ಹೋದರು. ಹಾಗಾದರೆ ಈ ಆಡಂಬರದ ಪ್ರೇಕ್ಷಕರು ಯಾರು? ಪೂರ್ವದೇಶದ ಪ್ರಜೆಯೋ, ಲಂಡನ್ನಿನ ನಾಗರಿಕನೋ? ದಿಲ್ಲಿಯ ಬಯಲು ಒಂದು ನಾಟಕಶಾಲೆಯಾಗಿತ್ತು. ನಮ್ಮ ಜನರು ಅದರಲ್ಲಿ ವೇಷ ಕಟ್ಟಿದವರು. ಟಿಕೀಟು ಕೊಂಡು ನೋಡಿದವರು ಅಲ್ಲಿಯವರು. “ನಿಮಗಾಗಿ ಮಾಡಿದೆವು” ಎಂಬ ಮಾತು ಸ್ಕಾಲಾದ ಬಾಗಿಲಲ್ಲಿಯೇ ಸುಳ್ಳಾಯಿತು.

ಆ ಬಣ್ಣದ ಗುಟ್ಟನ್ನೂ ಸ್ವಲ್ಪ ನೋಡಬೇಕು. ಕಿನೆಮಾಕಲರಿನ ಫಿಲ್ಮಿನಲ್ಲಿ ಬಣ್ಣವಿರಲಿಲ್ಲ. ಅದು ಕಪ್ಪು-ಬಿಳುಪು ಫಿಲ್ಮೇ. ಕೆಂಪು ಮತ್ತು ಹಸಿರು ಗಾಜುಗಳನ್ನು ಕೂಡಿಸಿದ ಗಾಲಿಯೊಂದು ಯಂತ್ರದ ಮುಂದೆ ರಭಸದಿಂದ ತಿರುಗುತ್ತಿತ್ತು. ಒಂದು ಚಿತ್ರ ಕೆಂಪಿನಲ್ಲಿ, ಮರುಚಿತ್ರ ಹಸಿರಿನಲ್ಲಿ. ನೋಡುವವನ ಕಣ್ಣು ಎರಡನ್ನೂ ಬೆರಸಿ ಬಣ್ಣವೆಂದು ಭಾವಿಸುತ್ತಿತ್ತು. ಕೆಂಪು-ಹಸಿರುಗಳಿಂದ ನಿಜವಾದ ನೀಲಿ ಹುಟ್ಟುವದಿಲ್ಲ. ಪ್ರಕೃತಿಯ ಬಣ್ಣಗಳನ್ನು ಇದ್ದಂತೆ ತೋರಿಸುತ್ತೇವೆಂದು ಹೇಳಿ ಪಡೆದ ಸನದು ಈ ಕಾರಣದಿಂದಲೇ 1914ರಲ್ಲಿ ಇಂಗ್ಲಂಡದ ನ್ಯಾಯಾಲಯದಲ್ಲಿ ಬಿದ್ದು ಹೋಯಿತು. ನೀಲಿಯಿಲ್ಲದ ಆಕಾಶದ ಕೆಳಗೆ ನಡೆದ ದರ್ಬಾರನ್ನು ಜನರು ಸಾಕ್ಷಾತ್ ದಿಲ್ಲಿಯೆಂದು ನಂಬಿ ಚಪ್ಪಾಳೆ ತಟ್ಟಿದರು. ಆ ಬಣ್ಣದ ಚಿತ್ರದಲ್ಲಿ ಈಗ ಉಳಿದಿರುವದು ತೀರ ಸ್ವಲ್ಪ. ಸೈನ್ಯದ ಕವಾಯತಿನ ಭಾಗವು ಎಷ್ಟೋ ವರ್ಷಗಳ ಮೇಲೆ ರಶಿಯಾದ ಕ್ರಾಸ್ನೋಗೋರ್ಸ್ಕದ ಸಂಗ್ರಹಾಲಯದಲ್ಲಿ ಸಿಕ್ಕಿತು. ಇಂದು ಅದೇ ಕೆಲಸವನ್ನು ಬೇರೆ ಯಂತ್ರಗಳು ಮಾಡುತ್ತಲಿವೆ. ಕಪ್ಪು-ಬಿಳುಪು ತುಣುಕುಗಳಿಗೆ ಕಂಪ್ಯೂಟರು ಊಹೆಯಿಂದ ಬಣ್ಣ ಬಳಿಯುತ್ತದೆ, ಇಲ್ಲದ ಸದ್ದನ್ನು ಕೂಡಿಸುತ್ತದೆ, ನಾವು “ಎಷ್ಟು ಸಹಜವಾಗಿದೆ!” ಎನ್ನುತ್ತೇವೆ. ಅಂದಿನ ಗಾಲಿಯಾದರೂ ಒಮ್ಮೆ ನ್ಯಾಯಾಲಯದ ಕಟ್ಟೆ ಹತ್ತಿತು. ಇಂದಿನ ಬಣ್ಣವನ್ನು ಕೇಳುವವರಿಲ್ಲ.

ಇರಲಿ. ಬಣ್ಣದ ಮಾತಿಗಿಂತ ದೊಡ್ಡ ಮಾತೊಂದುಂಟು. ಆ ದರ್ಬಾರಿನಲ್ಲಿ ನಿಜವಾಗಿ ನಡೆದ ದೊಡ್ಡ ಸಂಗತಿ ಯಾವದು? ಕಿರೀಟವಲ್ಲ, ಕವಾಯತಲ್ಲ. ರಾಜಧಾನಿಯನ್ನು ಕಲಕತ್ತೆಯಿಂದ ದಿಲ್ಲಿಗೆ ವರ್ಗಾಯಿಸುವೆವೆಂದೂ, 1905ರಲ್ಲಿ ಕರ್ಜನನು ಮಾಡಿದ ವಂಗಭಂಗವನ್ನು ರದ್ದುಪಡಿಸಿ ಬಂಗಾಲಿ ನುಡಿಯ ಸೀಮೆಗಳನ್ನು ಒಂದುಗೂಡಿಸುವೆವೆಂದೂ ಅಂದು ಸಾರಲಾಯಿತು. ಅಂದಿನವರೆಗೆ ಅದನ್ನು ಗುಪ್ತವಾಗಿಟ್ಟಿದ್ದರು. ಪೂರ್ವ ಬಂಗಾಲದ ಮುಸಲ್ಮಾನರಲ್ಲಿ ಬಹುಜನರಿಗೆ ಅದರಿಂದ ನಿರಾಶೆಯಾಯಿತೆಂಬದೂ ನಿಜ. ಆದರೆ “ಇತ್ಯರ್ಥವಾದ ಸಂಗತಿ, ಇನ್ನು ಬದಲಾಗದು” ಎಂದು ಸರಕಾರವು ಆರು ವರ್ಷ ಸಾಧಿಸಿದ್ದನ್ನು ಜನರ ಚಳವಳಿಯು ಬದಲಾಯಿಸಿತು. ದೊರೆಯ ಬಾಯಿಂದಲೇ ಹಿಮ್ಮೆಟ್ಟುವ ಮಾತನ್ನು ಹೊರಡಿಸಿತು. ಈ ಸಂಗತಿಯನ್ನು ಮೂಕಚಿತ್ರವು ಹೇಗೆ ತೋರಿಸೀತು? ಅದಕ್ಕೆ ಮಾತು ಹಿಡಿಯುವದಿಲ್ಲ. ಮಣಿ ಮಾತ್ರ ಹಿಡಿಯುತ್ತದೆ. ಚಿತ್ರದಲ್ಲಿ ನಾವು ಕಾಣುವದು ಪ್ರಜೆಗಳು ದೊರೆಗೆ ಬಾಗಿದ್ದನ್ನು. ಅಂದು ನಡೆದದ್ದು ದೊರೆತನವು ಪ್ರಜೆಗಳಿಗೆ ಬಾಗಿದ್ದು. ಕಣ್ಣಿಗೆ ಕಂಡದ್ದು ಒಂದು, ಇತಿಹಾಸ ಇನ್ನೊಂದು. ಮತ್ತು ಅವೆರಡೂ ಒಂದಕ್ಕೊಂದು ತದ್ವಿರುದ್ಧ!

ಹಾಗಾದರೆ ಆ ಪ್ರಜೆಗಳ ಚಿತ್ರವನ್ನು ಯಾರೂ ತೆಗೆಯಲಿಲ್ಲವೆ? ತೆಗೆದರು. ಕಲಕತ್ತೆಯಲ್ಲಿ ಹೀರಾಲಾಲ ಸೇನರೆಂಬ ನಮ್ಮವರೇ ಒಬ್ಬರು ರಾಯಲ್ ಬಯೋಸ್ಕೋಪ ಕಂಪನಿಯನ್ನು ನಡೆಸುತ್ತಿದ್ದರು. 1905ರ ಸಪ್ಟೆಂಬರ 22ರಂದು ಕಲಕತ್ತೆಯ ಟೌನ್ ಹಾಲಿನಲ್ಲಿ ವಂಗಭಂಗದ ವಿರುದ್ಧ ನೆರೆದ ಸಭೆಯನ್ನೂ ಸ್ವದೇಶೀ ಚಳವಳಿಯನ್ನೂ ಅವರು ಚಿತ್ರಿಸಿದರು. ನಮ್ಮ ದೇಶದ ರಾಜಕೀಯ ಚಲಚ್ಚಿತ್ರಗಳಲ್ಲಿ ಅದೇ ಮೊದಲನೆಯದೆಂದು ಹೇಳುತ್ತಾರೆ. ಅದು ಈಗೆಲ್ಲಿದೆ? 1917ರಲ್ಲಿ ದಾಸ್ತಾನಿನ ಮನೆಗೆ ಬೆಂಕಿ ಬಿದ್ದು ಸೇನರ ಚಿತ್ರಗಳೆಲ್ಲ ಸುಟ್ಟು ಬೂದಿಯಾದವು. ಅದೇ ವರ್ಷ ಅವರೂ ತೀರಿಕೊಂಡರು. ಅಂದಿನ ಫಿಲ್ಮು ಮದ್ದಿನಂತೆ ಉರಿಯುವ ಪದಾರ್ಥ. ಅದನ್ನು ಕಾಪಾಡಲು ಹಣ ಬೇಕು, ಸ್ಥಳ ಬೇಕು, ಸರಕಾರದ ಒತ್ತಾಸೆ ಬೇಕು. ದರ್ಬಾರಿಗೆ ಅವೆಲ್ಲ ಇದ್ದವು. ಟೌನ್ ಹಾಲಿನ ಸಭೆಗೆ ಇರಲಿಲ್ಲ. ಸೋತವರ ಸಮಾರಂಭವು ಸಂಗ್ರಹಾಲಯದಲ್ಲಿ ಉಳಿಯಿತು. ಗೆದ್ದವರ ಸಭೆ ಬೂದಿಯಾಯಿತು. ಇಂದು ನಮ್ಮ ಮಕ್ಕಳು ಆ ಕಾಲವನ್ನು ನೋಡಬೇಕೆಂದರೆ ಸೋತವರ ಕಣ್ಣಿನಿಂದಲೇ ನೋಡಬೇಕಾಗಿದೆ. ನಮ್ಮ ತಕರಾರಿನ ಮೂಲವು ಇಲ್ಲಿದೆ.

ಶಾಲಾಶಿಕ್ಷಕರು ಇನ್ನೊಂದು ಸಂಗತಿಯನ್ನು ವಿಶೇಷವಾಗಿ ಗಮನಿಸಬೇಕೆಂದು ನಮ್ಮ ಬಿನ್ನಹ. 1911ರ ಮಾರ್ಚದಲ್ಲಿ ಗೋಪಾಳಕೃಷ್ಣ ಗೋಖಲೆಯವರು ಪ್ರಾಥಮಿಕ ಶಿಕ್ಷಣವನ್ನು ಕ್ರಮಕ್ರಮವಾಗಿ ಕಡ್ಡಾಯಗೊಳಿಸುವ ಮಸೂದೆಯನ್ನು ಹಿರಿಯ ಕಾಯದೆಯ ಕೌನ್ಸಿಲಿನ ಮುಂದಿಟ್ಟರು. ಡಿಸೆಂಬರದ ದರ್ಬಾರಿನಲ್ಲಿ ಚಕ್ರವರ್ತಿಯ ಅನುಗ್ರಹವೆಂದು ಶಿಕ್ಷಣಕ್ಕಾಗಿ 50 ಲಕ್ಷ ರೂಪಾಯಿಗಳನ್ನು ಸಾರಲಾಯಿತು. 1912ರ ಮಾರ್ಚದಲ್ಲಿ ಗೋಖಲೆಯವರ ಮಸೂದೆಯು 13ಕ್ಕೆ 38 ಮತಗಳಿಂದ ಬಿದ್ದಿತು. ಪ್ರಸಾದವುಂಟು, ಹಕ್ಕಿಲ್ಲ! ನಮ್ಮ ಹಣದಿಂದಲೇ ನಮಗೆ ದಾನ ಮಾಡಬಹುದು. ಆದರೆ ಓದು ಬರಹವು ಮಗುವಿನ ಹಕ್ಕೆಂದು ಒಪ್ಪಲಾಗದು. ಕೌನ್ಸಿಲಿನಲ್ಲಿ ಗೋಖಲೆಯವರು ಹೋರಾಡಿದ ಆ ದಿನಕ್ಕೆ ಬಣ್ಣದ ಯಂತ್ರವೂ ಬರಲಿಲ್ಲ, ವಾದ್ಯಮೇಳವೂ ಬರಲಿಲ್ಲ. ದರ್ಬಾರಿನ ಚಿತ್ರವನ್ನು ತೋರಿಸುವ ಶಿಕ್ಷಕನು ಈ ಮೂರು ತಾರೀಖುಗಳನ್ನು ಹಲಗೆಯ ಮೇಲೆ ಬರೆದು ತೋರಿಸಿದರೆ, ಮಕ್ಕಳಿಗೆ ಚಿತ್ರದೊಳಗಿಲ್ಲದ ಚಿತ್ರವೂ ಕಂಡೀತು.

ಇಷ್ಟು ಹೇಳಿದ ಮೇಲೆ ಕೆಲವರು, “ಹಾಗಾದರೆ ಈ ಚಿತ್ರಗಳನ್ನು ಬಹಿಷ್ಕರಿಸಿಬಿಡೋಣ; ದಾಸ್ಯದ ಗುರುತುಗಳು ನಮಗೇಕೆ?” ಎಂದಾರು. ಅವರ ಸ್ವಾಭಿಮಾನವನ್ನು ಮೆಚ್ಚಿದರೂ ಅವರ ಮಾತನ್ನು ನಾವು ಒಪ್ಪುವದಿಲ್ಲ. ಏಕೆಂದರೆ ಯಂತ್ರವು ಯಜಮಾನನ ಆಳೇ ಆದರೂ, ಒಮ್ಮೊಮ್ಮೆ ಯಜಮಾನನಿಗೆ ಬೇಡವಾದದ್ದನ್ನೂ ನೋಡಿಬಿಡುತ್ತದೆ. ಬಡೋದೆಯ ಸಯಾಜಿರಾವ ಗಾಯಕವಾಡ ಮಹಾರಾಜರ ಪ್ರಸಂಗವನ್ನೇ ನೋಡಿರಿ. ಉಳಿದವರೆಲ್ಲ ರತ್ನಗಳಿಂದ ಜಗಜಗಿಸುತ್ತಿರಲು ಅವರು ಸಾದಾ ಬಿಳಿಯ ಉಡುಪಿನಲ್ಲಿ ಕೈಕೋಲು ಹಿಡಿದು ಬಂದರು. ಒಮ್ಮೆ ಮಾತ್ರ ತಲೆಬಾಗಿದರು. ಹಿಂದೆ ಹಿಂದೆ ಸರಿದು ಹೋಗುವ ಕಟ್ಟಳೆಯನ್ನು ಬಿಟ್ಟು ಬೆನ್ನು ತಿರುಗಿಸಿ ನಡೆದರು. ಇಂಗ್ಲಿಷ್ ಪತ್ರಿಕೆಗಳು ಬೆಂಕಿ ಕಾರಿದವು. ಚಿತ್ರವು ಲಂಡನ್ನಿಗೆ ಮುಟ್ಟಿದಾಗ ಜನರು ಆ ಒಂದು ಗಳಿಗೆಗಾಗಿಯೇ ಕಣ್ಣಿಟ್ಟು ಕಾದರು. ಮಹಾರಾಜರು ಗಡಿಬಿಡಿಯಲ್ಲಿ ತಪ್ಪಾಯಿತೆಂದು ವೈಸರಾಯರಿಗೆ ಪತ್ರ ಬರೆದು ಕ್ಷಮೆ ಕೇಳಿದರು. ಅದು ಗಡಿಬಿಡಿಯೋ, ಉದ್ದೇಶಪೂರ್ವಕ ತಿರಸ್ಕಾರವೋ ಎಂಬ ವಾದವು ಇಂದಿಗೂ ಮುಗಿದಿಲ್ಲ. ಚಿತ್ರವೂ ಅದನ್ನು ಬಗೆಹರಿಸುವದಿಲ್ಲ. ಆದರೆ ಒಂದಂತೂ ನಿಶ್ಚಯ. ಲಕ್ಷ ಜನರು ಕೂಡಿದ ಸಮಾರಂಭವು ಒಬ್ಬ ಮನುಷ್ಯನ ಬೆನ್ನಿಗೆ ಹೆದರಿತು! ಇಷ್ಟು ದುರ್ಬಲವಾದದ್ದನ್ನು ವೈಭವವೆಂದು ಕರೆಯುವದಾದರೂ ಹೇಗೆ?

ಬೆನ್ನು ತೋರಿಸಿದನೆಂದು ಜರಿಸಿಕೊಂಡ ಆ ಅರಸನೇ 1906ರಲ್ಲಿ ತನ್ನ ಇಡಿಯ ಸಂಸ್ಥಾನದಲ್ಲಿ ಪ್ರಾಥಮಿಕ ಶಿಕ್ಷಣವನ್ನು ಕಡ್ಡಾಯಗೊಳಿಸಿದ್ದನೆಂಬದನ್ನು ಮರೆಯಬಾರದು. ದರ್ಬಾರು ಮುಗಿದು ಎರಡು ವರ್ಷ ತುಂಬುವ ಮೊದಲೇ, 1913ರಲ್ಲಿ, ಅಂಬೇಡಕರರು ಬಡೋದೆಯ ವಿದ್ಯಾರ್ಥಿವೇತನದಿಂದ ಅಮೇರಿಕೆಗೆ ಓದಲು ಹೋದರು. ಗೋಖಲೆಯವರು ಯಾವದನ್ನು ಕೇಳಿ ಪಡೆಯಲಾರದೆ ಹೋದರೋ ಅದನ್ನು ಬಡೋದೆಯು ಮೊದಲೇ ಮಾಡಿ ತೋರಿಸಿತ್ತು. ನೆಟ್ಟಗೆ ಬಾಗಿದವರ ಹೆಸರುಗಳಲ್ಲಿ ಎಷ್ಟನ್ನು ನಾವಿಂದು ನೆನೆಯುತ್ತೇವೆ?

ಈಗ ನಮ್ಮ ಮನೆಯ ಮಾತು. ಆ ದರ್ಬಾರಿನಲ್ಲಿ ಕನ್ನಡನಾಡು ಎಲ್ಲಿತ್ತು? ಮೈಸೂರಿನ ನಾಲ್ವಡಿ ಕೃಷ್ಣರಾಜ ಒಡೆಯರವರು ಅಲ್ಲಿದ್ದರು. ರಾಯಚೂರು, ಕಲಬುರ್ಗಿ, ಬೀದರಗಳನ್ನು ಆಳುತ್ತಿದ್ದ ನಿಜಾಮರು ಅಲ್ಲಿದ್ದರು. ಧಾರವಾಡ, ಬೆಳಗಾಂವಿ, ವಿಜಾಪುರ, ಕಾರವಾರಗಳು ಮುಂಬಯಿಯ ಇಲಾಖೆಯೊಳಗೆ, ಬಳ್ಳಾರಿ, ಮಂಗಳೂರುಗಳು ಮದರಾಸಿನ ಇಲಾಖೆಯೊಳಗೆ ಅಡಗಿದ್ದವು. ಕೊಡಗು ಬೇರೆ. ಚಿಕ್ಕಪುಟ್ಟ ಸಂಸ್ಥಾನಗಳು ಬೇರೆ. ಒಂದೇ ನುಡಿಯ ಜನರು ಇಷ್ಟು ಸಾಲುಗಳಲ್ಲಿ ಹಂಚಿಹೋಗಿದ್ದರು. ಕನ್ನಡವೆಂಬ ಸಾಲು ಆ ಬಯಲಿನಲ್ಲಿ ಇರಲೇ ಇಲ್ಲ. ಚಿತ್ರವನ್ನು ಎಷ್ಟು ಸಲ ತಿರುಗಿಸಿದರೂ ಅದು ಕಾಣದು. ಆದರೆ ಚಿತ್ರಕ್ಕೆ ಸಿಕ್ಕದ ಆ ವಂಗಭಂಗದ ಸಂಗತಿಯೇ ಕನ್ನಡಿಗರಿಗೆ ಪಾಠವಾಯಿತು. ಆಲೂರ ವೆಂಕಟರಾಯರ ಮನಸ್ಸಿನಲ್ಲಿ ಏಕೀಕರಣದ ವಿಚಾರವು ಬಲಿತದ್ದು ಆ ಚಳವಳಿಯನ್ನು ಕಂಡ ಕಾಲದಲ್ಲಿಯೇ. ಒಂದು ನುಡಿಯ ಜನರು ಒಟ್ಟಾಗಿ ಕೇಳಿದರೆ ಗೆರೆಗಳು ಅಳಿಯುತ್ತವೆಂಬ ನಂಬಿಗೆ ಹುಟ್ಟಿತು. 1956ರ ನವಂಬರ 1ರಂದು ಅದು ಫಲಿಸಿತು. ದರ್ಬಾರಿನಿಂದ ನಾವು ಕಲಿತದ್ದೇನಾದರೂ ಇದ್ದರೆ ಅದು ಚಿತ್ರದ ಹೊರಗಿನಿಂದಲೇ ಕಲಿತದ್ದು.

ನಾಲ್ವಡಿಯವರ ವಿಷಯದಲ್ಲಿ ಯಾರೂ ತಪ್ಪು ತಿಳಿಯಬಾರದು. ಅವರ ಮೇಲೆ ನಮ್ಮ ಗೌರವವು ಯಾರಿಗಿಂತಲೂ ಕಡಿಮೆಯಲ್ಲ. ಅದಕ್ಕೆಂದೇ ನಾವು ಹೇಳುತ್ತೇವೆ: ಅವರನ್ನು ದಿಲ್ಲಿಯ ಮಂಟಪದ ಮುಂದೆ ಬಾಗಿದ ಚಿತ್ರದಲ್ಲಿ ಹುಡುಕಬೇಡಿರಿ. ಅದೇ 1911ರಲ್ಲಿಯೇ ಕನ್ನಂಬಾಡಿಯಲ್ಲಿ ಕಾವೇರಿಗೆ ಅಣೆಕಟ್ಟಿನ ಕೆಲಸವು ಪ್ರಾರಂಭವಾಯಿತು. ದರ್ಬಾರಿನ ಮಂಟಪವು ಕೆಲವು ದಿನಗಳ ಬೊಂಬೆಯಾಟ. ಆ ಕಟ್ಟೆಯ ನೀರು ಮಂಡ್ಯದ ಗದ್ದೆಗಳಲ್ಲಿ ಇಂದಿಗೂ ಹರಿಯುತ್ತಿದೆ. ಅರಸನ ಹಿರಿಮೆಯನ್ನು ಅಳೆಯುವ ಕೋಲು ಯಾವದಿರಬೇಕೆಂಬದನ್ನು ಸುಜ್ಞರೇ ನಿರ್ಧರಿಸಲಿ.

ಹತ್ತು ವರ್ಷಗಳ ಮೇಲೆ ಇದೇ ಆಟವನ್ನು ಮತ್ತೊಮ್ಮೆ ಹೂಡಿದರು. 1921ರ ನವಂಬರ 17ರಂದು ವೇಲ್ಸದ ಯುವರಾಜನು ಮುಂಬಯಿಯಲ್ಲಿ ಇಳಿದನು. ಕೆಮರಾಗಳೂ ಅವನೊಡನೆ ಸಂಚರಿಸಿದವು. ಆದರೆ ಈ ಸಲ ಪ್ರಜೆಗಳು ವೇಷ ಕಟ್ಟಲು ಒಪ್ಪಲಿಲ್ಲ. ದೇಶದಲ್ಲೆಲ್ಲ ಹರತಾಳ, ಡಿಸೆಂಬರದಲ್ಲಿ ಅಲಹಾಬಾದಿನ ಬೀದಿಗಳು ಬಿಕೋ ಎಂದವು. ಮುಂಬಯಿಯಲ್ಲಿ ದಂಗೆಯಾಗಿ ಜೀವಗಳು ಹೋದದ್ದು ದುಃಖದ ಸಂಗತಿ. ಅದಕ್ಕಾಗಿ ಗಾಂಧೀಜಿಯವರು ಉಪವಾಸ ಕೈಕೊಂಡರು. ಆದರೆ ಬರಿದಾದ ಬೀದಿಯಷ್ಟು ಸ್ಪಷ್ಟವಾದ ಉತ್ತರವನ್ನು ಮೂಕಚಿತ್ರಕ್ಕೆ ಯಾರೂ ಕೊಟ್ಟಿರಲಿಲ್ಲ. ನೋಡಲು ಜನರಿಲ್ಲದ ಮೆರವಣಿಗೆಯು ಮೆರವಣಿಗೆಯೇ ಅಲ್ಲ. 1911ಕ್ಕೂ 1921ಕ್ಕೂ ನಡುವೆ ಬದಲಾದದ್ದು ಕೆಮರಾ ಅಲ್ಲ. ಅದರ ಮುಂದೆ ನಿಲ್ಲುವ ಮನುಷ್ಯನು.

ಹಾಗಾದರೆ ನಾವು ಬೇಡುವದೇನು? ಮೊದಲನೆಯದಾಗಿ, ಈ ಚಿತ್ರಗಳನ್ನು ತೋರಿಸುವವರು ಮೂರು ಪ್ರಶ್ನೆಗಳನ್ನು ಕೇಳದೆ ದೀಪವಾರಿಸಬಾರದು: ಯಂತ್ರವನ್ನು ನಿಲ್ಲಿಸಿದವರು ಯಾರು? ಹಣ ತೆತ್ತವರು ಯಾರು? ಚಿತ್ರದೊಳಗೆ ಇಲ್ಲದವರು ಯಾರು? ಎರಡನೆಯದಾಗಿ, ಈ ಮೂಕಚಿತ್ರಗಳಿಗೆ ಕನ್ನಡದ ಬಾಯಿ ಬರಬೇಕು. ಲಂಡನ್ನಿನ ತಲೆಬರಹವನ್ನು ಮಕ್ಕಳು ಬಾಯಿಪಾಠ ಮಾಡುವದರ ಬದಲು ನಮ್ಮ ಇತಿಹಾಸಜ್ಞರು ಕನ್ನಡದಲ್ಲಿ ವಿವರಣೆಯನ್ನು ಬರೆದು ಶಾಲೆಗಳಿಗೆ ಒದಗಿಸಬೇಕು. ಮೂರನೆಯದಾಗಿ, ಹೊರದೇಶಗಳ ಸಂಗ್ರಹಾಲಯಗಳಲ್ಲಿರುವ ಹಿಂದುಸ್ಥಾನದ ಚಿತ್ರಗಳ ಒಳ್ಳೆಯ ಪ್ರತಿಗಳು ನಮಗೆ ಹಕ್ಕಿನಿಂದ ಬರಬೇಕು, ಉಪಕಾರವೆಂದಲ್ಲ. ವೇಷ ಕಟ್ಟಿದವರೂ ನಾವೇ, ವೆಚ್ಚ ತೆತ್ತವರೂ ನಾವೇ. ಪ್ರತಿಗಾಗಿ ಕೈಯೊಡ್ಡಿ ನಿಲ್ಲುವವರೂ ನಾವೇ ಆಗಬೇಕೆ?

ನಾಲ್ಕನೆಯದು ಪರರಿಗೆ ಹೇಳುವದಲ್ಲ, ನಮಗೆ ನಾವೇ ಹೇಳಿಕೊಳ್ಳುವದು. ಪುಣೆಯಲ್ಲಿ ರಾಷ್ಟ್ರೀಯ ಚಲಚ್ಚಿತ್ರ ಸಂಗ್ರಹಾಲಯವು ಹುಟ್ಟಿದ್ದು 1964ರಲ್ಲಿ. ಅಷ್ಟರೊಳಗೆ ನಮ್ಮ ಮೂಕಚಿತ್ರಗಳಲ್ಲಿ ಬಹುಪಾಲು ಅಳಿದುಹೋಗಿದ್ದವು. 1934ರಲ್ಲಿ ತೆರೆಕಂಡ ಕನ್ನಡದ ಮೊದಲ ವಾಕ್ಚಿತ್ರವಾದ ‘ಸತಿ ಸುಲೋಚನಾ’ದ ಒಂದು ಪ್ರತಿಯೂ ಇಂದು ಉಳಿದಿಲ್ಲ. ಅದನ್ನು ಸುಟ್ಟವರು ಇಂಗ್ಲಿಷರಲ್ಲ, ನಮ್ಮ ಅಲಕ್ಷ್ಯ. 1930ರ ಅಂಕೋಲೆಯ ಉಪ್ಪಿನ ಸತ್ಯಾಗ್ರಹ, 1938ರ ವಿದುರಾಶ್ವತ್ಥದ ಗೋಲೀಬಾರು, 1942ರ ಈಸೂರಿನ ಬಂಡಾಯ ಇವುಗಳ ಮುಂದೆ ದರ್ಬಾರಿಗೆ ಬಂದಂತೆ ಕಂಪನಿಗಳ ಕೆಮರಾಗಳು ಕಾದು ನಿಂತಿರಲಿಲ್ಲ. ಅದಕ್ಕಾಗಿಯೇ ಅವುಗಳ ಪ್ರತಿಯೊಂದು ಛಾಯಾಚಿತ್ರ, ಪ್ರತಿಯೊಂದು ಪತ್ರ, ಮನೆಯ ಹಿರಿಯರು ಹೇಳಿಟ್ಟ ಪ್ರತಿಯೊಂದು ನೆನಪು ನಮಗೆ ಆ ಆರು ಸಾವಿರ ವಜ್ರಗಳಿಗಿಂತ ಬೆಲೆಯುಳ್ಳದ್ದು. ಅಟ್ಟದ ಮೇಲಿನ ಪೆಟ್ಟಿಗೆಯಲ್ಲಿ ಗೆದ್ದಲು ಹಿಡಿಯುತ್ತಿರುವದನ್ನು ಈ ವಾರವೇ ಇಳಿಸಿ ನೋಡುವ ವಾಚಕನು ದೇಶಕ್ಕೆ ಒಂದು ಸೇವೆಯನ್ನು ಮಾಡಿದಂತಾಗುವದು.

ದಿಲ್ಲಿಯ ದರ್ಬಾರಿನ ಬಯಲು ಇಂದು ಒಂದು ಉದ್ಯಾನ. ಇಂಡಿಯಾ ಗೇಟಿನ ಬಳಿಯ ಛತ್ರಿಯ ಕೆಳಗಿದ್ದ ಐದನೆಯ ಜಾರ್ಜನ ಕಲ್ಲಿನ ಮೂರ್ತಿಯನ್ನು ಸ್ವಾತಂತ್ರ್ಯ ಬಂದ ಮೇಲೆ ಅಲ್ಲಿಗೆ ಸಾಗಿಸಿದರು. ಛತ್ರಿಯು ಎಷ್ಟೋ ಕಾಲ ಬರಿದಾಗಿತ್ತು. 2022ರಲ್ಲಿ ಅದರ ಕೆಳಗೆ ನೇತಾಜಿ ಸುಭಾಷಚಂದ್ರ ಬೋಸರ ಮೂರ್ತಿ ನಿಂತಿತು. ಕಲ್ಲಿನ ಜಾರ್ಜನನ್ನು ಛತ್ರಿಯ ಕೆಳಗಿನಿಂದ ಇಳಿಸುವದು ಸುಲಭವಾಯಿತು. ಫಿಲ್ಮಿನ ಜಾರ್ಜನು ಮಾತ್ರ ಇಂದಿಗೂ ನಮ್ಮ ಅಂಗೈಯಲ್ಲಿ ಕುಳಿತು ದರ್ಬಾರು ನಡೆಸುತ್ತಲಿದ್ದಾನೆ. ಅವನನ್ನು ಇಳಿಸಲು ಸಲಿಕೆ, ಹಗ್ಗಗಳು ಬೇಡ, ಬಿಚ್ಚುಗಣ್ಣು ಸಾಕು. ನೋಡಿರಿ, ಅವಶ್ಯವಾಗಿ ನೋಡಿರಿ. ಆದರೆ ಬಾಗಿ ನೋಡಬೇಡಿರಿ, ನೆಟ್ಟಗೆ ನಿಂತು ನೋಡಿರಿ.